ಅಡುಗೆಮನೆ ಕ್ಯಾಲೆಂಡರಿನಿಂದ ಗೋಡೆಯ ಚಿತ್ರದವರೆಗೆ: ದಿನದ ಲೆಕ್ಕವನ್ನು ಕಲೆಯಾಗಿಸುವ ಸಮಗ್ರ ಮಾರ್ಗದರ್ಶಿ

ನಮ್ಮ ಅಡುಗೆಮನೆಯ ಗೋಡೆಗೆ ಒಂದು ಕ್ಯಾಲೆಂಡರ್ ಇದೆ. ಕಲಬುರಗಿಯ ಬಹಳಷ್ಟು ಮನೆಗಳಲ್ಲಿ ಇರುವಂಥದ್ದೇ. ಅದರ ಚೌಕಗಳ ತುಂಬ ಅವ್ವನ ಗುರುತುಗಳು. ಹಾಲು ಅರ್ಧ ಲೀಟರ್ ತಗೊಂಡರೆ ಒಂದು ಗೀಟು, ಒಂದು ಲೀಟರ್ ತಗೊಂಡರೆ ಎರಡು. ಹಾಲು ಬಾರದ ದಿನ ಸೊನ್ನೆ. ಸಿಲಿಂಡರ್ ಬದಲಿಸಿದ ದಿನ ‘ಗ್ಯಾ’. ನಳದಲ್ಲಿ ನೀರು ಬಂದ ದಿನ ‘ನ’. ತಿಂಗಳು ಮುಗಿದು ಹಾಲಿನ ಲೆಕ್ಕ ಚುಕ್ತಾ ಆದ ಮೇಲೆ ಆ ಹಾಳೆಯನ್ನು ಹರಿದು ಕಪಾಟಿನ ತಳಕ್ಕೆ ಹಾಸುತ್ತಾಳೆ.

ಒಂದು ಸಲ ಕಪಾಟು ಒರೆಸುವಾಗ ಆ ಹಾಳೆಗಳನ್ನೆಲ್ಲ ತೆಗೆದು ನೆಲದ ಮೇಲೆ ಸಾಲಾಗಿ ಹರಡಿದೆ. ಆರು ತಿಂಗಳು ನಮ್ಮ ಮನೆ ಹೇಗೆ ನಡೆದಿತ್ತು ಅನ್ನುವುದೆಲ್ಲ ಅಲ್ಲಿತ್ತು. ಹಾಲಿನ ಗೀಟು ಜಾಸ್ತಿ ಇದ್ದ ದಿನ ನೆಂಟರು ಬಂದಿದ್ದರು. ಸಾಲಾಗಿ ಸೊನ್ನೆ ಇದ್ದ ವಾರ ನಾವು ಊರಲ್ಲೇ ಇರಲಿಲ್ಲ. ಕಂಪ್ಯೂಟರಿನವರು ಡೇಟಾ ಅನ್ನುವುದು ಇದಕ್ಕೇ. ನಮ್ಮ ಹೆಂಗಸರು ಅದನ್ನು ವರ್ಷಗಟ್ಟಲೆ ಬರೆದಿಟ್ಟಿದ್ದಾರೆ. ಅದನ್ನು ಚಿತ್ರವಾಗಿಸಿ ನೋಡುವುದು ಮಾತ್ರ ಬಾಕಿ ಇದೆ.

ಆ ಕೆಲಸವನ್ನು ಹಂತ ಹಂತವಾಗಿ ಹೇಳುತ್ತೇನೆ. ಚಿತ್ರ ಬರೆಯಲು ಬರಬೇಕು ಅಂತೇನೂ ಇಲ್ಲ. ಗೆರೆ ಎಳೆಯಲು, ಎಣಿಸಲು ಬಂದರೆ ಸಾಕು. ಒಂದು ಡ್ರಾಯಿಂಗ್ ಶೀಟ್, ಪೆನ್ಸಿಲ್, ಕಂಪಾಸ್ ಬಾಕ್ಸಿನಲ್ಲಿರುವ ಕೈವಾರ ಮತ್ತು ಕೋನಮಾಪಕ, ನಾಲ್ಕು ಬಣ್ಣದ ಪೆನ್ನು. ಕಲಬುರಗಿಯ ಸೂಪರ್ ಮಾರ್ಕೆಟ್ ಕಡೆ ಯಾವುದೇ ಸ್ಟೇಷನರಿ ಅಂಗಡಿಗೆ ಹೋದರೂ ಸಿಗುತ್ತವೆ. ಲೆಕ್ಕ ಬರೆಯಲು ಎರಡು ವಾರ, ಚಿತ್ರಕ್ಕೆ ಒಂದು ಭಾನುವಾರ ಬೇಕು.

ಈ ದಾರಿಯಲ್ಲಿ ಮೊದಲೇ ನಡೆದವರಿದ್ದಾರೆ. 1858ರಲ್ಲಿ ಫ್ಲಾರೆನ್ಸ್ ನೈಟಿಂಗೇಲ್ ಕ್ರಿಮಿಯಾ ಯುದ್ಧದ ಸೈನಿಕರ ಸಾವಿನ ಲೆಕ್ಕವನ್ನು ಹೂವಿನ ದಳಗಳಂಥ ಚಿತ್ರದಲ್ಲಿ ತೋರಿಸಿದರು. ತಿಂಗಳಿಗೊಂದು ದಳ. ಗಾಯದಿಂದ ಸತ್ತವರಿಗಿಂತ, ತಡೆಯಬಹುದಾಗಿದ್ದ ರೋಗಗಳಿಂದ ಸತ್ತವರು ಎಷ್ಟೋ ಜಾಸ್ತಿ ಅನ್ನುವುದು ಒಂದೇ ನೋಟಕ್ಕೆ ಕಾಣುತ್ತಿತ್ತು. ನಮ್ಮ ಕಾಲದಲ್ಲಿ, 2014ರಿಂದ ಒಂದು ವರ್ಷ, ನ್ಯೂಯಾರ್ಕಿನಲ್ಲಿದ್ದ ಜಾರ್ಜಿಯಾ ಲೂಪಿ ಮತ್ತು ಲಂಡನ್ನಿನಲ್ಲಿದ್ದ ಸ್ಟೆಫಾನಿ ಪೊಸಾವೆಕ್ ಅನ್ನುವ ಇಬ್ಬರು ವಿನ್ಯಾಸಕಿಯರು ಒಬ್ಬರಿಗೊಬ್ಬರು ವಾರಕ್ಕೊಂದು ಪೋಸ್ಟ್‌ಕಾರ್ಡ್ ಕಳಿಸಿದರು. ಆ ವಾರ ಎಷ್ಟು ಸಲ ಗಡಿಯಾರ ನೋಡಿದೆ, ಎಷ್ಟು ಸಲ ಗೊಣಗಿದೆ, ಇಂಥ ಲೆಕ್ಕಗಳನ್ನು ಕೈಯಿಂದಲೇ ಬಿಡಿಸಿದ ಕಾರ್ಡುಗಳು. ಒಬ್ಬೊಬ್ಬರದು 52. ಅವು ಈಗ ನ್ಯೂಯಾರ್ಕಿನ ಆಧುನಿಕ ಕಲಾ ವಸ್ತುಸಂಗ್ರಹಾಲಯದಲ್ಲಿವೆ. ಒಂದು ಪೋಸ್ಟ್‌ಕಾರ್ಡ್, ಬಣ್ಣದ ಪೆನ್ನು, ಇಷ್ಟರಲ್ಲೇ ಆದ ಕೆಲಸ ಅದು.

ಮೊದಲ ಹಂತ: ಒಂದೇ ಒಂದು ಸಂಗತಿ ಹಿಡಿಯಿರಿ

ಶುರುವಿಗೇ ನಿದ್ದೆ, ನಡಿಗೆ, ಖರ್ಚು, ಊಟ ಎಲ್ಲವನ್ನೂ ಬರೆಯಲು ಹೋದರೆ ನಾಲ್ಕನೇ ದಿನಕ್ಕೆ ಕೈ ಬಿಡುತ್ತೀರಿ. ಒಂದೇ ಸಂಗತಿ ಸಾಕು. ಅದನ್ನು ಆರಿಸಲು ನಾನು ಮೂರು ಪ್ರಶ್ನೆ ಕೇಳಿಕೊಳ್ಳುತ್ತೇನೆ. ಐದು ಸೆಕೆಂಡಿನಲ್ಲಿ ಬರೆಯಲು ಆಗುತ್ತದಾ? ಎರಡು ವಾರದಲ್ಲಿ ಹತ್ತು ಸಲಕ್ಕಿಂತ ಜಾಸ್ತಿ ಆಗುವಂಥದ್ದಾ? ಅದರ ಬಗ್ಗೆ ನನಗೆ ನಿಜಕ್ಕೂ ಕುತೂಹಲ ಇದೆಯಾ? ಮೂರನೆಯದು ಎಲ್ಲಕ್ಕಿಂತ ಮುಖ್ಯ. ಬರೀ ಸುಲಭ ಅಂತ ಫೋನಿನಲ್ಲಿ ತಾನಾಗಿ ಬೀಳುವ ಹೆಜ್ಜೆಗಳ ಲೆಕ್ಕ ತಗೊಂಡರೆ ಚಿತ್ರಕ್ಕೆ ಜೀವ ಬರುವುದಿಲ್ಲ. ಅದನ್ನು ಬರೆಯುವಾಗ ನೀವು ಅಲ್ಲಿ ಇರಲೇ ಇಲ್ಲವಲ್ಲ.

ನಮ್ಮ ಕಡೆಯ ಬದುಕಿನಲ್ಲಿ ವಿಷಯಗಳಿಗೆ ಬರವಿಲ್ಲ. ಒಂದು ಹೊತ್ತಿಗೆ ಎಷ್ಟು ರೊಟ್ಟಿ ಬಡಿದರು, ಯಾರು ಎಷ್ಟು ತಿಂದರು. ಕರೆಂಟ್ ಯಾವಾಗ ಹೋಯಿತು, ಯಾವಾಗ ಬಂತು. ದಿನಕ್ಕೆ ಎಷ್ಟು ಕಪ್ ಚಹಾ, ಯಾರ ಜೊತೆ. ತವರಿಗೆ ಮಾಡಿದ ಫೋನ್. ಶೇರ್ ಆಟೋದಲ್ಲಿ ಪಕ್ಕ ಕೂತವರು ಮಾತಾಡಿದರೋ ಇಲ್ಲವೋ. ಮೇ ತಿಂಗಳ ಬಿಸಿಲು. ನಾನು ಆರಿಸಿದ್ದು ನಳದ ನೀರು. ನಮ್ಮ ಓಣಿಗೆ ಅದು ದಿನಾ ಬರುವುದಿಲ್ಲ, ಹಾಗಾಗಿ ಎರಡನೇ ಪ್ರಶ್ನೆಗೆ ಅದು ಒಪ್ಪುವುದಿಲ್ಲ, ಆದರೆ ಮೂರನೆಯದಕ್ಕೆ ಚೆನ್ನಾಗಿ ಒಪ್ಪುತ್ತದೆ. ಬಂದಾಗ ಕುಡಿಯುವ ನೀರನ್ನು ಕೊಡಗಳಲ್ಲಿ ತುಂಬಿಡಬೇಕು. ಬರುವ ಹೊತ್ತೂ ಒಂದೇ ಅಲ್ಲ. ಹಾಗಾಗಿ ಅದರ ಸುತ್ತ ಇಡೀ ಮನೆ ತಿರುಗುತ್ತದೆ.

ವಿಷಯವನ್ನು ಪ್ರಶ್ನೆಯ ರೂಪಕ್ಕೆ ತನ್ನಿ. ‘ನೀರು’ ಅಂದರೆ ಏನು ಬರೆಯಬೇಕು ಅಂತ ಗೊತ್ತಾಗುವುದಿಲ್ಲ. ‘ನಳ ಯಾವ ಹೊತ್ತಿಗೆ ಬರುತ್ತದೆ, ಆಗ ಎದ್ದು ನೀರು ತುಂಬುವವರು ಯಾರು?’ ಅಂದರೆ ಏನೇನು ಬರೆಯಬೇಕು ಅನ್ನುವುದು ಪ್ರಶ್ನೆಯಲ್ಲೇ ಇದೆ.

ಎರಡನೇ ಹಂತ: ಬರೆದಿಡುವುದು

ನಾನು ನಾಲ್ಕು ವಿಷಯ ಬರೆದೆ: ತಾರೀಖು, ನಳ ಬಂದ ಹೊತ್ತು, ತುಂಬಿದ ಕೊಡ, ತುಂಬಿದವರು. ನಾಲ್ಕಕ್ಕಿಂತ ಜಾಸ್ತಿ ಬೇಡ. ಇವುಗಳ ಜೊತೆಗೆ ಒಂದು ಖಾಲಿ ಜಾಗ ಬಿಟ್ಟುಕೊಳ್ಳಿ. ಏನಾದರೂ ವಿಶೇಷ ಆದರೆ ಅಲ್ಲಿ ಒಂದು ಸಾಲು ಬರೆಯಬಹುದು. ‘ಜಾತ್ರೆ, ಮನೆ ತುಂಬ ನೆಂಟರು’ ಅಂತ ಬರೆದ ಒಂದು ಸಾಲು ಆಮೇಲೆ ನನಗೆ ಬಹಳ ಉಪಯೋಗಕ್ಕೆ ಬಂತು.

ಎಲ್ಲಿ ಬರೆಯಬೇಕು? ಸಂಗತಿ ನಡೆಯುವ ಜಾಗದಲ್ಲೇ. ನೀರಿನ ಲೆಕ್ಕ ನಳದ ಹತ್ತಿರ ತೂಗು ಹಾಕಿದ ಸಣ್ಣ ನೋಟ್‌ಬುಕ್ಕಿನಲ್ಲಿ. ರೊಟ್ಟಿ ಲೆಕ್ಕ ಒಲೆಯ ಹತ್ತಿರ. ಹೊರಗೆ ತಿರುಗುವವರು ವಾಟ್ಸಾಪ್‌ನಲ್ಲಿ ತಮಗೆ ತಾವೇ ಮೆಸೇಜ್ ಕಳಿಸಿಕೊಳ್ಳಬಹುದು, ಹೊತ್ತು ತಾನಾಗಿಯೇ ಬೀಳುತ್ತದೆ. ಬರೆಯಲು ಬಾರದವರನ್ನೂ ಸೇರಿಸಿಕೊಳ್ಳಬೇಕಾದರೆ ಇನ್ನೊಂದು ದಾರಿ ಇದೆ. ಎರಡು ಡಬ್ಬಿ ಇಟ್ಟು, ಒಂದು ಕೊಡ ತುಂಬಿದರೆ ಒಂದು ತೊಗರಿ ಕಾಳು ಹಾಕುವುದು. ಅವ್ವ ಹಾಕಿದರೆ ಈ ಡಬ್ಬಿ, ನಾನು ಹಾಕಿದರೆ ಆ ಡಬ್ಬಿ. ರಾತ್ರಿ ಎಣಿಸಿ ಬರೆದರೆ ಆಯಿತು. ಮನೆಯ ಮಕ್ಕಳಿಗೂ ಇದು ಬಹಳ ಇಷ್ಟವಾಗುತ್ತದೆ.

ಮೊದಲು ಎರಡು ದಿನ ಪ್ರಯೋಗ ಮಾಡಿ. ಆ ಎರಡು ದಿನದಲ್ಲಿ ತೊಡಕುಗಳು ತಾವಾಗಿಯೇ ಮೇಲೆ ಬರುತ್ತವೆ. ಅರ್ಧ ಕೊಡಕ್ಕೆ ಏನು ಬರೆಯುವುದು? ಇಬ್ಬರು ಸೇರಿ ತುಂಬಿದರೆ? ಇವಕ್ಕೆಲ್ಲ ಆಗಲೇ ಒಂದು ನಿಯಮ ಮಾಡಿ ನೋಟ್‌ಬುಕ್ಕಿನ ಮೊದಲ ಪುಟದಲ್ಲಿ ಬರೆದಿಡಿ. ನನ್ನ ನಿಯಮ ಹೀಗಿತ್ತು: ಅರ್ಧ ದಾಟಿದರೆ ಒಂದು, ಇಲ್ಲದಿದ್ದರೆ ಲೆಕ್ಕಕ್ಕಿಲ್ಲ. ಮೊದಲು ಎದ್ದವರ ಹೆಸರು ಬರೆಯುವುದು. ನಿಯಮ ಹೀಗೇ ಇರಬೇಕು ಅಂತಿಲ್ಲ. ಆದರೆ ಮಧ್ಯದಲ್ಲಿ ಬದಲಾಗಬಾರದು.

ಒಂದು ದಿನ ಬರೆಯಲು ಮರೆತರೆ ಅಂದಾಜಿನಲ್ಲಿ ತುಂಬಿಸಬೇಡಿ. ‘ಮರೆತೆ’ ಅಂತ ಬರೆಯಿರಿ. ಚಿತ್ರದಲ್ಲೂ ಅದಕ್ಕೆ ಒಂದು ಗುರುತು ಕೊಡಬಹುದು. ಸೊನ್ನೆಗೂ ‘ಮರೆತೆ’ಗೂ ಬಹಳ ವ್ಯತ್ಯಾಸ ಇದೆ. ನೀರು ಬರದ ದಿನ ಸೊನ್ನೆ. ಬಂದೂ ಬರೆಯದ ದಿನ ಸೊನ್ನೆ ಅಲ್ಲ. ಇದನ್ನು ಕಲಸಿದರೆ ಚಿತ್ರ ಸುಳ್ಳು ಹೇಳುತ್ತದೆ.

ದಿನಾ ಆಗುವ ಸಂಗತಿಗೆ ಎರಡು ವಾರ ಸಾಕು. ನಳದಂಥ ಅಪರೂಪದ ಸಂಗತಿಗೆ ಜಾಸ್ತಿ ದಿನ ಬೇಕು. ನಾನು ಮಾರ್ಚ್ 1ರಿಂದ ಏಪ್ರಿಲ್ 25ರವರೆಗೆ, ಸರಿಯಾಗಿ ಎಂಟು ವಾರ, 56 ದಿನ ಬರೆದೆ.

ಮೂರನೇ ಹಂತ: ಲೆಕ್ಕದ ಮುಂದೆ ಸುಮ್ನೆ ಕೂರುವುದು

ಈ ಹಂತವನ್ನು ಎಲ್ಲರೂ ಹಾರಿಸುತ್ತಾರೆ. ಬಣ್ಣ ಹಚ್ಚುವ ಆಸೆ ಅಷ್ಟು ಇರುತ್ತದೆ. ಆದರೂ ಒಂದು ಸಂಜೆ ಬರೀ ಓದಲು ಇಡಿ. ಎಲ್ಲವನ್ನೂ ಒಂದೇ ಹಾಳೆಗೆ ಪಟ್ಟಿಯಾಗಿ ಇಳಿಸಿ. ಆಮೇಲೆ ಬೇರೆ ಬೇರೆ ರೀತಿ ಜೋಡಿಸಿ ನೋಡಿ. ಮೊದಲು ತಾರೀಖಿನ ಪ್ರಕಾರ, ಆಮೇಲೆ ಹೊತ್ತಿನ ಪ್ರಕಾರ, ಆಮೇಲೆ ಕೊಡದ ಪ್ರಕಾರ, ಕೊನೆಗೆ ಯಾರು ತುಂಬಿದರು ಅನ್ನುವ ಪ್ರಕಾರ.

ನನ್ನ 56 ದಿನಗಳಲ್ಲಿ ನಳ ಬಂದದ್ದು 13 ದಿನ. ಅತಿ ಕಡಿಮೆ 14 ಕೊಡ, ಅತಿ ಜಾಸ್ತಿ 30. ಆ ಮೂವತ್ತು ಶರಣಬಸವೇಶ್ವರ ಜಾತ್ರೆಯ ಹೊತ್ತಿನದು. ತಾರೀಖಿನ ಪ್ರಕಾರ ಜೋಡಿಸಿದಾಗ ಏನೂ ವಿಶೇಷ ಕಾಣಲಿಲ್ಲ. ಹೊತ್ತಿನ ಪ್ರಕಾರ ಜೋಡಿಸಿದೆ. 13ರಲ್ಲಿ 8 ಸಲ ನಳ ಬಂದದ್ದು ಬೆಳಗಿನ ಜಾವ ಮೂರರಿಂದ ಆರರ ನಡುವೆ. ಆ ಎಂಟರ ಮುಂದೆ ಬರೆದ ಹೆಸರು ನೋಡಿದೆ. ಎಂಟಕ್ಕೆ ಎಂಟೂ ಅವ್ವ.

ಉಳಿದ ಐದರಲ್ಲಿ ನಾನು ಮೂರು, ತಮ್ಮ ಒಂದು, ಮತ್ತೆ ಅವ್ವ ಒಂದು. ನಾನು ನಳಕ್ಕೆ ಎದ್ದದ್ದೆಲ್ಲ ಹಗಲಲ್ಲೇ. ಒಂದೇ ಮನೆಯಲ್ಲಿ ಇದ್ದೂ ನನಗೆ ಇದು ಗೊತ್ತಿರಲಿಲ್ಲ. ಯಾವ ಚಿತ್ರ ಬಿಡಿಸಬೇಕು ಅನ್ನುವುದು ಅಲ್ಲಿಗೆ ತೀರ್ಮಾನವಾಯಿತು. ತಾರೀಖು ಹಿಂದೆ ಸರಿಯಿತು. ಹೊತ್ತು ಮತ್ತು ಹೆಸರು ಮುಂದೆ ಬಂದವು.

ನಾಲ್ಕನೇ ಹಂತ: ಯಾವುದಕ್ಕೆ ಯಾವ ಗುರುತು

ಇಡೀ ಕೆಲಸದ ತಿರುಳು ಇದು. ಇಲ್ಲಿ ಅವಸರ ಬೇಡ. ಲೆಕ್ಕದಲ್ಲಿ ಸಾಮಾನ್ಯವಾಗಿ ಮೂರು ತರಹದ ಮಾಹಿತಿ ಇರುತ್ತದೆ: ಎಷ್ಟು, ಯಾವುದು, ಯಾವಾಗ. ಒಂದೊಂದಕ್ಕೂ ಒಪ್ಪುವ ಗುರುತು ಬೇರೆ.

‘ಎಷ್ಟು’ ಅನ್ನುವುದಕ್ಕೆ ಉದ್ದ ಒಳ್ಳೆಯದು, ಇಲ್ಲವೇ ಎಣಿಸಬಹುದಾದ ಚುಕ್ಕಿಗಳು. ನಮ್ಮ ಕಣ್ಣು ಯಾವ ಗುರುತನ್ನು ಎಷ್ಟು ಸರಿಯಾಗಿ ಅಳೆಯುತ್ತದೆ ಅಂತ 1984ರಲ್ಲಿ ವಿಲಿಯಂ ಕ್ಲೀವ್‌ಲ್ಯಾಂಡ್ ಮತ್ತು ರಾಬರ್ಟ್ ಮೆಕ್‌ಗಿಲ್ ಅನ್ನುವ ಸಂಖ್ಯಾಶಾಸ್ತ್ರಜ್ಞರು ಪರೀಕ್ಷೆ ಮಾಡಿದ್ದರು. ಒಂದೇ ಅಳತೆಗೋಲಿನ ಮೇಲಿನ ಜಾಗ ಮತ್ತು ಗೆರೆಯ ಉದ್ದವನ್ನು ಕಣ್ಣು ಚೆನ್ನಾಗಿ ಹೋಲಿಸುತ್ತದೆ. ವೃತ್ತದ ದೊಡ್ಡದು ಚಿಕ್ಕದು, ಬಣ್ಣದ ಗಾಢ ತಿಳಿ ಬಂದಾಗ ತಡವರಿಸುತ್ತದೆ. ಎರಡು ಗೆರೆ ಪಕ್ಕಪಕ್ಕ ಎಳೆದರೆ ಯಾವುದು ಉದ್ದ ಅಂತ ಮಗುವೂ ಹೇಳುತ್ತದೆ. ಎರಡು ರೊಟ್ಟಿ ಪಕ್ಕಪಕ್ಕ ಇಟ್ಟು ಇದು ಅದಕ್ಕಿಂತ ಎಷ್ಟು ಪಟ್ಟು ದೊಡ್ಡದು ಅಂತ ಕೇಳಿ ನೋಡಿ. ಒಬ್ಬೊಬ್ಬರು ಒಂದೊಂದು ಹೇಳುತ್ತಾರೆ.

ಆದರೂ ವೃತ್ತ ಚೆಂದ, ಅಲ್ವಾ? ಬಳಸುವುದಾದರೆ ಒಂದು ಮಾತು ನೆನಪಿಡಿ. ಎರಡು ಪಟ್ಟು ತೋರಿಸಲು ತ್ರಿಜ್ಯವನ್ನು ಎರಡು ಪಟ್ಟು ಮಾಡಿದರೆ ವೃತ್ತ ನಾಲ್ಕು ಪಟ್ಟು ದೊಡ್ಡದಾಗುತ್ತದೆ. ಒಂದಕ್ಕೆ 1 ಸೆಂ.ಮೀ. ತ್ರಿಜ್ಯ ಇಟ್ಟರೆ ಎರಡಕ್ಕೆ 1.4, ಮೂರಕ್ಕೆ 1.7, ನಾಲ್ಕಕ್ಕೆ 2, ಒಂಬತ್ತಕ್ಕೆ 3 ಸೆಂ.ಮೀ. ಬರಬೇಕು. ಸಂಖ್ಯೆಯ ವರ್ಗಮೂಲ ಹಿಡಿದರೆ ಸರಿ ಹೋಗುತ್ತದೆ. ಪತ್ರಿಕೆಗಳಲ್ಲೂ ಈ ತಪ್ಪು ಕಣ್ಣಿಗೆ ಬೀಳುತ್ತಿರುತ್ತದೆ.

‘ಯಾವುದು, ಯಾರು’ ಅನ್ನುವುದಕ್ಕೆ ಬಣ್ಣ ಅಥವಾ ಆಕಾರ. ಐದು ಬಣ್ಣ ದಾಟಿದರೆ ನೋಡುವವರು ಮರೆಯುತ್ತಾರೆ. ಒಂದೇ ಸಂಗತಿ ಏರುತ್ತ ಹೋಗುವುದನ್ನು, ಉದಾಹರಣೆಗೆ ಬಿಸಿಲು, ತೋರಿಸಲು ಬೇರೆ ಬೇರೆ ಬಣ್ಣ ಬೇಡ. ಒಂದೇ ಬಣ್ಣವನ್ನು ತಿಳಿಯಿಂದ ಗಾಢಕ್ಕೆ ಒಯ್ಯಿರಿ. ಕೆಲವರಿಗೆ, ಅದರಲ್ಲೂ ಗಂಡಸರಿಗೆ, ಕೆಂಪು ಹಸಿರು ಬೇರೆಯಾಗಿ ಕಾಣುವುದಿಲ್ಲ. ನೀಲಿ ಕಿತ್ತಳೆ ಜೋಡಿ ಹೆಚ್ಚು ಸುರಕ್ಷಿತ. ಬಣ್ಣಗಳನ್ನು ಹಾಳೆಯ ಮೂಲೆಗೆ ಹಚ್ಚಿ, ಫೋನಿನಲ್ಲಿ ಕಪ್ಪು ಬಿಳುಪು ಫೋಟೊ ತೆಗೆಯಿರಿ. ಅದರಲ್ಲೂ ಬೇರೆ ಬೇರೆ ಕಂಡರೆ ಆ ಬಣ್ಣಗಳು ಗೆದ್ದವು.

‘ಯಾವಾಗ’ ಅನ್ನುವುದಕ್ಕೆ ಜಾಗ. ದಿನಗಳ ಲೆಕ್ಕ ಇದ್ದರೆ ಏಳು ಕಂಬಸಾಲಿನ ಕ್ಯಾಲೆಂಡರ್ ಚೌಕ ಸಾಕು. ಚುಕ್ಕಿ ರಂಗೋಲಿ ಹಾಕುವವರಿಗೆ ಇನ್ನೂ ಸುಲಭ: ಒಂದು ಚುಕ್ಕಿ ಒಂದು ದಿನ, ಸಂಗತಿ ನಡೆದ ದಿನಗಳನ್ನು ಮಾತ್ರ ಗೆರೆಯಿಂದ ಸುತ್ತುವುದು. ದಿನದ ಹೊತ್ತು ಮುಖ್ಯವಾದರೆ ವೃತ್ತವೇ ಸರಿ. ಅರ್ಧರಾತ್ರಿ ಮೇಲೆ, ಮಧ್ಯಾಹ್ನ ಹನ್ನೆರಡು ಕೆಳಗೆ. 24 ತಾಸಿಗೆ 360 ಡಿಗ್ರಿ, ಅಂದರೆ ತಾಸಿಗೆ 15 ಡಿಗ್ರಿ, ನಾಲ್ಕು ನಿಮಿಷಕ್ಕೆ ಒಂದು ಡಿಗ್ರಿ. ಬೆಳಗಿನ ಜಾವ 4 ಗಂಟೆ ಅಂದರೆ ಅರ್ಧರಾತ್ರಿಯ ಗೆರೆಯಿಂದ ಗಡಿಯಾರದ ದಿಕ್ಕಿಗೆ 60 ಡಿಗ್ರಿ. ನಾಲ್ಕೂವರೆ ಅಂದರೆ ಅರವತ್ತೇಳೂವರೆ.

ನೀವು ಆರಿಸಿದ ಗುರುತುಗಳನ್ನೆಲ್ಲ ಒಂದು ಚೀಟಿಯಲ್ಲಿ ಬರೆಯಿರಿ. ಇದು ಚಿತ್ರದ ಕೀಲಿ. ನನ್ನ ಕೀಲಿ ಹೀಗಿತ್ತು: ಒಂದು ಗೆರೆ ಅಂದರೆ ಒಂದು ಸಲ ನಳ ಬಂದದ್ದು. ಗೆರೆಯ ದಿಕ್ಕು, ಬಂದ ಹೊತ್ತು. ಗೆರೆಯ ಉದ್ದ, ತುಂಬಿದ ಕೊಡ. ಬಣ್ಣ, ತುಂಬಿದವರು. ಅವ್ವನಿಗೆ ಅವಳ ದಿನದ ಸೀರೆಯ ಗಾಢ ಹಸಿರು, ನನಗೆ ಕಿತ್ತಳೆ, ತಮ್ಮನಿಗೆ ತಿಳಿ ನೀಲಿ. ತುದಿಯಲ್ಲಿ ಒಂದು ಚುಕ್ಕಿ ಇದ್ದರೆ ಅವತ್ತು ಏನೋ ವಿಶೇಷ ಇತ್ತು ಅಂತ.

ಐದನೇ ಹಂತ: ಬಿಡಿಸುವುದು

ಮೊದಲು ಹಳೆಯ ಹಾಳೆಯ ಹಿಂದೆ ಕಚ್ಚಾ ಚಿತ್ರ. ಅಳತೆ ಬೇಕಿಲ್ಲ, ಅಂದಾಜಿಗೆ ಸಾಕು. ಎರಡು ಮೂರು ರೀತಿ ಗೀಚಿ ನೋಡಿ. ನಾನು ಮೊದಲು ಕೊಡದ ಆಕಾರದೊಳಗೆ ಎಲ್ಲ ತುಂಬಲು ಹೋಗಿದ್ದೆ. ನೋಡಲು ಮುದ್ದಾಗಿತ್ತು. ಆದರೆ ಹೊತ್ತು ಎಲ್ಲೂ ಕಾಣುತ್ತಿರಲಿಲ್ಲ. ಅದನ್ನು ಬಿಟ್ಟೆ.

ಎ4 ಹಾಳೆಯ ಅಗಲ 21 ಸೆಂ.ಮೀ. ನಡುವೆ ಒಂದೂವರೆ ಸೆಂ.ಮೀ. ತ್ರಿಜ್ಯದ ಸಣ್ಣ ವೃತ್ತ ಖಾಲಿ ಬಿಟ್ಟೆ. ಇಲ್ಲದಿದ್ದರೆ ಎಲ್ಲ ಗೆರೆಗಳೂ ಒಂದೇ ಬಿಂದುವಿಗೆ ಬಂದು ಶಾಯಿ ಕಲಸಿ ಹೋಗುತ್ತದೆ. ಆ ವೃತ್ತದ ಅಂಚಿನಿಂದ ಹೊರಗೆ, ಒಂದು ಕೊಡಕ್ಕೆ ಎರಡೂವರೆ ಮಿ.ಮೀ. ಮೂವತ್ತು ಕೊಡಕ್ಕೆ ಏಳೂವರೆ ಸೆಂ.ಮೀ. ಒಟ್ಟು ತ್ರಿಜ್ಯ 9 ಸೆಂ.ಮೀ. ಆಯಿತು, ಹಾಳೆಯಲ್ಲಿ ಸರಿಯಾಗಿ ಕೂತಿತು. ನೀವೂ ಹೀಗೇ ಮಾಡಿ: ಅತಿ ದೊಡ್ಡ ಸಂಖ್ಯೆ ಹಿಡಿಯಿರಿ, ಅದು ಹಾಳೆಯಲ್ಲಿ ಹಿಡಿಸುವಂತೆ ಅಳತೆ ಇಟ್ಟುಕೊಳ್ಳಿ. ಅತಿ ಚಿಕ್ಕದರಿಂದ ಶುರು ಮಾಡಿದರೆ ಕೊನೆಯ ಗೆರೆ ಹಾಳೆಯ ಆಚೆ ಹೋಗುತ್ತದೆ.

ಪೆನ್ಸಿಲ್‌ನಲ್ಲಿ ಹಗುರಾಗಿ ತಾಸಿನ 24 ಗೆರೆ ಎಳೆಯಿರಿ. ಕೋನಮಾಪಕ ಇಟ್ಟು ಒಂದೊಂದು ಸಲದ ಡಿಗ್ರಿ ಗುರುತಿಸಿ. ಅಳೆದು ಬಣ್ಣದ ಪೆನ್ನಿನಲ್ಲಿ ಗೆರೆ ಎಳೆಯಿರಿ. ಒಂದು ಗೆರೆ ಎಳೆದ ಕೂಡಲೇ ಪಟ್ಟಿಯಲ್ಲಿ ಆ ಸಾಲಿಗೆ ಟಿಕ್ ಹಾಕಿ, ಇಲ್ಲದಿದ್ದರೆ ಎರಡು ಸಲ ಎಳೆಯುವುದು ಖಾತ್ರಿ. ಎರಡು ಗೆರೆ ಒಂದೇ ಹೊತ್ತಿಗೆ ಬಂದರೆ ಒಂದನ್ನು ಒಂದು ಡಿಗ್ರಿ ಸರಿಸಿ. ಶಾಯಿ ಚೆನ್ನಾಗಿ ಒಣಗಿದ ಮೇಲೆ ಪೆನ್ಸಿಲ್ ಗೆರೆ ಅಳಿಸಿ. ನಮ್ಮ ಬೇಸಿಗೆಯಲ್ಲಿ ಶಾಯಿ ಬೇಗ ಒಣಗುತ್ತದೆ, ಆದರೆ ಕೈ ಬೆವರಿ ಹಾಳೆಗೆ ಅಂಟುತ್ತದೆ. ಅಂಗೈ ಕೆಳಗೆ ಒಂದು ಒರಟು ಕಾಗದ ಇಟ್ಟುಕೊಳ್ಳಿ.

ಕೊನೆಗೆ ಕೀಲಿಯನ್ನು ಕೆಳಗೆ ಸಣ್ಣದಾಗಿ ಬರೆಯಿರಿ. ಯಾವ ತಾರೀಖಿನಿಂದ ಯಾವ ತಾರೀಖಿನವರೆಗೆ ಅಂತಲೂ ಬರೆಯಿರಿ. ಕೀಲಿ ಇದ್ದರೆ ಚೆಂದ ಕೆಡುತ್ತದೆ ಅನ್ನುವವರಿದ್ದಾರೆ. ನಾನು ಒಪ್ಪುವುದಿಲ್ಲ. ಕೀಲಿ ಇಲ್ಲದ ಚಿತ್ರ ಆರು ತಿಂಗಳಾದ ಮೇಲೆ ಬಿಡಿಸಿದವರಿಗೇ ಅರ್ಥವಾಗುವುದಿಲ್ಲ.

ನನ್ನ ಚಿತ್ರದಲ್ಲಿ ವೃತ್ತದ ಬಹಳ ಭಾಗ ಬೋಳಾಗಿತ್ತು. ಮೇಲೆ ಬಲಗಡೆ, ಮೂರರಿಂದ ಆರರ ನಡುವಿನ ಆ ಸಣ್ಣ ತುಂಡಿನಲ್ಲಿ, ಎಂಟು ಹಸಿರು ಗೆರೆಗಳು ಬೀಸಣಿಕೆಯಂತೆ ನಿಂತಿದ್ದವು. ಅವ್ವನಿಗೆ ತೋರಿಸಿ ಕೀಲಿ ಓದಿ ಹೇಳಿದೆ. ಸ್ವಲ್ಪ ಹೊತ್ತು ನೋಡಿದಳು. ‘ಹಸರಂದೆಲ್ಲ ನಾನೇನು?’ ಅಂದಳು. ಹೌದು ಅಂದೆ. ‘ಇಷ್ಟ್ ಸಲ ನಾ ಒಬ್ಬಕೀನೇ ಎದ್ದೀನಾ?’ ಅಂತ ಆ ಗೆರೆಗಳ ಮೇಲೆ ಬೆರಳಾಡಿಸಿದಳು. ತಮ್ಮ ಪಕ್ಕದಲ್ಲೇ ನಿಂತಿದ್ದ. ಏನೂ ಮಾತಾಡಲಿಲ್ಲ.

ಹಾಳೆ ಬಿಟ್ಟು ಬೇರೆ ರೂಪಗಳು

ಕೌದಿ. ನಮ್ಮ ಕಡೆಯ ಅಜ್ಜಿಯಂದಿರು ಹಳೆ ಸೀರೆ, ಧೋತರ, ಅಂಗಿಗಳ ತುಂಡು ಜೋಡಿಸಿ ಹೊಲಿಯುವ ಕೌದಿಗಿಂತ ಚೆಂದದ ಚೌಕದ ಹಾಳೆ ಯಾವುದಿದೆ? ಒಂದು ತುಂಡು ಒಂದು ದಿನ. ಅವ್ವ ಮತ್ತು ನಾನು ಇದೇ ನೀರಿನ ಲೆಕ್ಕವನ್ನು ಕೌದಿ ಮಾಡಿದೆವು. ಈ ಸಲ ತಾರೀಖನ್ನೇ ಮುಂದಿಟ್ಟೆವು. ಅಗಲಕ್ಕೆ 7, ಉದ್ದಕ್ಕೆ 8, ಒಟ್ಟು 56 ತುಂಡು. ಹೊಲಿದಾದ ಮೇಲೆ ಒಂದು ತುಂಡು 4 ಇಂಚು ಇರಬೇಕಾದರೆ ನಾಲ್ಕೂವರೆ ಇಂಚು ಕತ್ತರಿಸಬೇಕು, ಸುತ್ತಲೂ ಕಾಲು ಇಂಚು ಹೊಲಿಗೆಯೊಳಗೆ ಹೋಗುತ್ತದೆ. ಅಂಚು ಬಿಟ್ಟರೆ ಕೌದಿ 28 ಇಂಚು ಅಗಲ, 32 ಇಂಚು ಉದ್ದ. ಕೂಸಿಗೆ ಹಾಸಲು ಸಾಕು.

ನೀರು ಬಂದ ದಿನಕ್ಕೆ ನೀಲಿ ಬಟ್ಟೆ, ಬಾರದ ದಿನಕ್ಕೆ ಎರೆ ಮಣ್ಣಿನ ಬಣ್ಣದ್ದು. ನೀಲಿ ತುಂಡಿನ ಮೇಲೆ ಐದು ಕೊಡಕ್ಕೆ ಒಂದು ಸಾಲು ಬಿಳಿ ಹೊಲಿಗೆ. ಮೂವತ್ತು ಕೊಡದ ದಿನ ಆರು ಸಾಲು, ಅರ್ಧ ಇಂಚಿಗೊಂದರಂತೆ ಹಿಡಿಸಿತು. ಬರೀ ನೀಲಿ ತುಂಡಿಗೆ ಹೊಲಿಗೆ ಹಾಕಿದರೆ ಉಳಿದ ಕಡೆ ಪದರು ಹಿಡಿಯುವುದಿಲ್ಲ ಅಂತ ಅವ್ವ ಹೇಳಿದಳು. ಹಾಗಾಗಿ ಮಣ್ಣಿನ ತುಂಡುಗಳ ಮೇಲೆ ಅದೇ ಬಣ್ಣದ ದಾರದಲ್ಲಿ ಅಡ್ಡ ಒಂದು, ಉದ್ದ ಒಂದು ಹೊಲಿಗೆ ಹಾಕಿದೆವು. ಅದು ಪದರು ಹಿಡಿಯಿತು, ಆದರೆ ಕಣ್ಣಿಗೆ ಕಾಣಲಿಲ್ಲ. ಬಟ್ಟೆಗಳನ್ನೆಲ್ಲ ಮೊದಲೇ ಒಗೆದು ಒಣಗಿಸಿ. ಹತ್ತಿ ಬಟ್ಟೆಯೇ ಇರಲಿ. ಬಣ್ಣ ಬಿಡುವ ಬಟ್ಟೆ ಒಂದು ಸೇರಿದರೂ ಎಂಟು ವಾರದ ಲೆಕ್ಕ ಒಂದೇ ಒಗೆತದಲ್ಲಿ ಕಲಸಿ ಹೋಗುತ್ತದೆ. ಕೀಲಿಯನ್ನು ಬಿಳಿ ತುಂಡಿನ ಮೇಲೆ ದಾರದಲ್ಲೇ ಹೊಲಿದು ಹಿಂದೆ ಹಚ್ಚಿದ್ದೇವೆ.

ಕಪ್ಪಿನ ಮೇಲೆ ಬೆಳ್ಳಿ. ಬೀದರಿನ ಬಿದರಿ ಕೆಲಸವನ್ನು ಹತ್ತಿರದಿಂದ ನೋಡಿದವರಿಗೆ ಇದು ಬೇಗ ಹೊಳೆಯುತ್ತದೆ. ಜಾಸ್ತಿ ಸತು, ಸ್ವಲ್ಪ ತಾಮ್ರ ಸೇರಿಸಿ ಎರಕ ಹೊಯ್ಯುತ್ತಾರೆ. ಉಳಿಯಿಂದ ಗೀರು ಕೊರೆದು ಅದರೊಳಗೆ ಬೆಳ್ಳಿ ಕೂರಿಸುತ್ತಾರೆ. ಕೊನೆಗೆ ಬೀದರ್ ಕೋಟೆಯ ಮಣ್ಣು ಮತ್ತು ನವಸಾಗರ ಬೆರೆಸಿದ ನೀರು ತಾಗಿದರೆ ಲೋಹ ಕಪ್ಪಾಗುತ್ತದೆ, ಬೆಳ್ಳಿ ಹಾಗೇ ಹೊಳೆಯುತ್ತದೆ. ರಾತ್ರಿಯ ಲೆಕ್ಕಗಳಿಗೆ, ನಿದ್ದೆ ಅಥವಾ ಕರೆಂಟಿಗೆ, ಇದಕ್ಕಿಂತ ಒಪ್ಪುವ ಬಣ್ಣ ಇಲ್ಲ. ಕಪ್ಪು ಚಾರ್ಟ್ ಕಾಗದ ಮತ್ತು ಬೆಳ್ಳಿ ಜೆಲ್ ಪೆನ್ನು ತಗೊಳ್ಳಿ. ಸಂಜೆ ಆರರಿಂದ ಬೆಳಗ್ಗೆ ಆರರವರೆಗೆ ಒಂದು ರಾತ್ರಿಗೆ ಒಂದು ಅಡ್ಡ ಗೆರೆ, ತಾಸಿಗೆ 2 ಸೆಂ.ಮೀ.ನಂತೆ 24 ಸೆಂ.ಮೀ. ಕರೆಂಟ್ ಇದ್ದಷ್ಟು ಹೊತ್ತು ಬೆಳ್ಳಿ ಗೆರೆ, ಹೋದ ಹೊತ್ತು ಕಾಗದ ಕಪ್ಪಾಗಿಯೇ ಇರಲಿ. ಕತ್ತಲೆಯನ್ನು ಬಿಡಿಸುವ ಕೆಲಸವೇ ಇಲ್ಲ. ಅಳತೆ ಗುರುತಿಗೆ ಬಿಳಿ ಪೆನ್ಸಿಲ್ ಬಳಸಿ. ಅಂಚಿಗೆ ಬಿದರಿಯಂಥ ಬಳ್ಳಿ ಬಿಡಿಸುವ ಆಸೆಯಾದರೆ ಬಿಡಿಸಿ, ಆದರೆ ಒಂದು ಎಲೆಗೆ ಒಂದು ರಾತ್ರಿಯಂತೆ ಅದಕ್ಕೂ ಲೆಕ್ಕ ಇರಲಿ.

ಬಿಸಿಲಿನ ಪಟ್ಟಿ. 2018ರಲ್ಲಿ ಬ್ರಿಟನ್ನಿನ ಹವಾಮಾನ ವಿಜ್ಞಾನಿ ಎಡ್ ಹಾಕಿನ್ಸ್, ಭೂಮಿ ಬಿಸಿಯಾಗುತ್ತಿರುವುದನ್ನು ಬರೀ ಬಣ್ಣದ ಪಟ್ಟಿಗಳಲ್ಲಿ ತೋರಿಸಿದರು. ವರ್ಷಕ್ಕೊಂದು ಪಟ್ಟಿ, ನೀಲಿಯಿಂದ ಕೆಂಪಿಗೆ, ಒಂದು ಅಂಕಿಯೂ ಇಲ್ಲ. ಕಲಬುರಗಿ, ಯಾದಗಿರಿಯವರು ಮೇ ತಿಂಗಳ 31 ದಿನಕ್ಕೆ 31 ಪಟ್ಟಿ ಮಾಡಿ ನೋಡಿ. 38 ಡಿಗ್ರಿಗಿಂತ ಕಡಿಮೆ, 38ರಿಂದ 40, 40ರಿಂದ 42, ಅದಕ್ಕಿಂತ ಜಾಸ್ತಿ, ಹೀಗೆ ನಾಲ್ಕು ಬಣ್ಣ ಸಾಕು. ದಿನದ ಗರಿಷ್ಠ ಉಷ್ಣಾಂಶ ಪತ್ರಿಕೆಯಲ್ಲೇ ಸಿಗುತ್ತದೆ. ಆದರೆ ಅಷ್ಟಕ್ಕೇ ನಿಲ್ಲಿಸಿದರೆ ಅದು ಊರಿನ ಲೆಕ್ಕ, ನಿಮ್ಮದಲ್ಲ. ಪಟ್ಟಿಯ ಮೇಲೆ ನೀವು ಆ ಮಧ್ಯಾಹ್ನ ಎಲ್ಲಿದ್ದಿರಿ ಅಂತ ಒಂದು ಗುರುತು ಹಾಕಿ: ಮನೆ, ದಾರಿ, ಹೊಲ, ಅಂಗಡಿ.

ಭಾಷೆಯ ದಾರ. ಬೀದರಿನಲ್ಲಿರುವ ನನ್ನ ಗೆಳತಿಯೊಬ್ಬಳು ಇದನ್ನು ಮಾಡಿದಳು. ಬಿಡಿಸಲು ಬರುವುದಿಲ್ಲ ಅನ್ನುವವರಿಗೆ ನಾನು ಮೊದಲು ಹೇಳುವುದು ಇದನ್ನೇ. ಒಂದು ವಾರ ಯಾರ ಜೊತೆ ಯಾವ ಭಾಷೆಯಲ್ಲಿ ಮಾತಾಡಿದೆ ಅನ್ನುವ ಲೆಕ್ಕ. ಅವಳ ದಿನದಲ್ಲಿ ಕನ್ನಡ, ದಖನಿ ಉರ್ದು, ಮರಾಠಿ, ತೆಲುಗು, ಹಿಂದಿ ಎಲ್ಲ ಇವೆ. ದಿನಕ್ಕೊಂದು ರಟ್ಟಿನ ಪಟ್ಟಿ, 20 ಸೆಂ.ಮೀ. ಉದ್ದದ್ದು. ಎರಡೂ ಅಂಚಿಗೆ ಅರ್ಧ ಸೆಂ.ಮೀ.ಗೊಂದು ಕಚ್ಚು ಕತ್ತರಿಸಿದರೆ ಸುಮಾರು ನಲವತ್ತು ಮಾತುಕತೆಗೆ ಜಾಗ ಆಗುತ್ತದೆ. ಒಂದು ಮಾತುಕತೆಗೆ ಆ ಭಾಷೆಯ ಬಣ್ಣದ ದಾರ ಒಂದು ಸುತ್ತು, ನಡೆದ ಕ್ರಮದಲ್ಲೇ. ಕನ್ನಡದಲ್ಲಿ ಶುರುವಾಗಿ ಉರ್ದುವಿನಲ್ಲಿ ಮುಗಿದರೆ ಎರಡು ಎಳೆ ಹೊಸೆದು ಒಂದು ಸುತ್ತು. ವಾರ ಮುಗಿದಾಗ ಹೊಸೆದ ಎಳೆಗಳೇ ಜಾಸ್ತಿ ಇದ್ದವು. ಬೆಳಗ್ಗೆ ತವರಿನ ಫೋನಿನ ಮರಾಠಿ ಬಣ್ಣ ಏಳೂ ಪಟ್ಟಿಗಳ ಮೊದಲ ಕಚ್ಚಿನಲ್ಲಿ ಇತ್ತು. ಒಂದು ಮಾತು: ಭಾಷೆಗಳಿಗೆ ಬಾವುಟದ ಬಣ್ಣ ಕೊಡಬೇಡಿ. ಆ ಬಣ್ಣಗಳಿಗೆ ಬೇರೆ ಅರ್ಥಗಳು ಮೊದಲೇ ಅಂಟಿಕೊಂಡಿವೆ, ನಿಮ್ಮ ಮನೆಯ ಮಾತು ಅದರಲ್ಲಿ ಮರೆಯಾಗುತ್ತದೆ.

ಕಂಪ್ಯೂಟರ್ ಬೇಕಾ?

ನೂರು ಸಾಲಿನವರೆಗೆ ಬೇಡ. ಕೈಯಿಂದ ಬಿಡಿಸುವಾಗ ಒಂದೊಂದು ದಿನವೂ ಮತ್ತೆ ನೆನಪಾಗುತ್ತದೆ, ಅದನ್ನು ಕಳಕೊಳ್ಳಬೇಡಿ. ಸಾವಿರಾರು ಸಾಲು ಇದ್ದರೆ, ಒಂದು ವರ್ಷದ ಯುಪಿಐ ಖರ್ಚು ಅನ್ನಿ, ಗೂಗಲ್ ಶೀಟ್ಸ್‌ನಲ್ಲಿ ಪಟ್ಟಿ ಮಾಡಿ. ರಾಗ್ರಾಫ್ಸ್ ಅನ್ನುವ ಉಚಿತ ತಾಣಕ್ಕೆ ಆ ಪಟ್ಟಿ ಹಾಕಿದರೆ ಹಲವು ರೂಪಗಳಲ್ಲಿ ಚಿತ್ರ ಕೊಡುತ್ತದೆ. ಅದನ್ನು ಇಂಕ್‌ಸ್ಕೇಪ್ ಅನ್ನುವ ಚಿತ್ರ ಬಿಡಿಸುವ ಸಾಫ್ಟ್‌ವೇರ್‌ನಲ್ಲಿ ತೆರೆದು ಬಣ್ಣ, ಕನ್ನಡ ಅಕ್ಷರ ಸೇರಿಸಬಹುದು. ಅದೂ ಉಚಿತ. ಪ್ರೋಗ್ರಾಮಿಂಗ್ ಕಲಿಯುವ ಮನಸ್ಸಿದ್ದರೆ, ಕೋಡ್ ಬರೆದು ಚಿತ್ರ ಬಿಡಿಸುವ ಪಿ5.ಜೆಎಸ್ ಒಳ್ಳೆಯ ಶುರು.

ಬೇರೆಯವರ ಬದುಕು ನಿಮ್ಮ ಚಿತ್ರದಲ್ಲಿ

ನಮ್ಮ ಮನೆಗಳಲ್ಲಿ ಯಾರ ಲೆಕ್ಕವೂ ಒಬ್ಬರದೇ ಆಗಿರುವುದಿಲ್ಲ. ನನ್ನ ನೀರಿನ ಚಿತ್ರದಲ್ಲಿ ಅವ್ವನ ನಿದ್ದೆ ಇದೆ. ಹಾಗಾಗಿ ಬರೆಯುವ ಮೊದಲೇ ಮನೆಯವರಿಗೆ ಹೇಳಿ. ಹೊರಗೆ ತೋರಿಸುವ ಮೊದಲು ಮತ್ತೆ ಕೇಳಿ. ಬೇಡ ಅಂದರೆ ಚಿತ್ರ ಮನೆಯೊಳಗೇ ಇರಲಿ. ಅಪ್ಪನ ಶುಗರ್, ಬಿಪಿ, ಹೆಣ್ಣುಮಕ್ಕಳ ತಿಂಗಳ ಲೆಕ್ಕ, ಸಾಲದ ಕಂತು, ಇವು ಒಳ್ಳೆಯ ಚಿತ್ರಗಳಾಗುತ್ತವೆ, ನಿಜ. ಆದರೆ ಅವು ಯಾರವೋ ಅವರೇ ಬಿಡಿಸಲಿ. ಫೇಸ್‌ಬುಕ್‌ಗೋ ಇನ್‌ಸ್ಟಾಗ್ರಾಮ್‌ಗೋ ಹಾಕುವಾಗ ಹೆಸರಿನ ಬದಲು ಆಕಾರ ಬಳಸಿ. ಮನೆ ಯಾವ ಹೊತ್ತಿಗೆ ಖಾಲಿ ಇರುತ್ತದೆ ಅಂತ ತೋರಿಸುವ ಚಿತ್ರವನ್ನಂತೂ ಹಾಕಲೇಬೇಡಿ.

ಎರಡನೇ ಸುತ್ತು

ಒಂದು ಚಿತ್ರ ಮುಗಿದ ಮೇಲೆ ಬೇರೆ ವಿಷಯಕ್ಕೆ ಹಾರುವ ಬದಲು ಅದೇ ವಿಷಯವನ್ನು ಇನ್ನೊಂದು ಸಲ ಬರೆದು ನೋಡಿ. ಕೀಲಿ ಅದೇ, ಅಳತೆ ಅದೇ, ಬಣ್ಣ ಅದೇ, ದಿನಗಳೂ ಅಷ್ಟೇ. ಕೊಡಕ್ಕೆ ಎರಡೂವರೆ ಮಿ.ಮೀ. ಇದ್ದದ್ದು ಮೂರು ಆದರೂ ಎರಡು ಹಾಳೆಗಳನ್ನು ಹೋಲಿಸಲು ಆಗುವುದಿಲ್ಲ. ಮೊದಲ ಹಾಳೆಯ ಹಿಂದೆ ಈ ಅಳತೆಗಳನ್ನು ಬರೆದಿಡಿ. ಪೆನ್ನಿನ ಬಣ್ಣದ ನಂಬರ್ ಕೂಡ.

ನಾವು ಜೂನ್, ಜುಲೈನಲ್ಲಿ ಮತ್ತೆ 56 ದಿನ ಬರೆದೆವು. ಎರಡು ಹಾಳೆಗಳೂ ಈಗ ಅಡುಗೆಮನೆಯಲ್ಲಿ ಕ್ಯಾಲೆಂಡರಿನ ಪಕ್ಕದಲ್ಲೇ ಇವೆ. ಎರಡನೆಯದರಲ್ಲಿ, ಮೂರರಿಂದ ಆರರ ನಡುವೆ, ತಮ್ಮನ ತಿಳಿ ನೀಲಿ ಗೆರೆ ಮೂರು, ನನ್ನ ಕಿತ್ತಳೆ ಎರಡು.